ವಿರೂಪಣ್ಣನವರ ಹಾರ ಹಾಕಿದ ಫೋಟೊ

ಮಾನ್ವಿ
3 ಫೆಬ್ರವರಿ 2025

ಸ್ವಪ್ನಾಳಿಗೆ,

ನಾನು ಬದುಕಿದ್ದೇನೆ. ಮೊದಲು ಅದನ್ನು ಹೇಳಿಬಿಡುತ್ತೇನೆ, ಯಾಕೆಂದರೆ ನಿನ್ನೆಯಿಂದ ಈ ಊರಲ್ಲಿ ಯಾರ ಜೊತೆ ಮಾತಾಡಬೇಕಾದರೂ ಅದನ್ನು ಹೇಳಿಯೇ ಶುರು ಮಾಡಬೇಕಾಗಿದೆ.

ನಿನ್ನೆ ಬೆಳಿಗ್ಗೆ ಮನೆಯ ಕಟ್ಟೆ ಮೇಲೆ ಕೂತು ಚಹಾ ಕುಡಿಯುತ್ತಿದ್ದೆ. ನೀರಮಾನ್ವಿಯಿಂದ ನಿನ್ನ ಸೋದರತ್ತೆ ಮಾನಮ್ಮ ಆಟೋ ಇಳಿದವಳೇ, ಸೆರಗು ಬಾಯಿಗೆ ಒತ್ತಿಕೊಂಡು "ನನ್ನ ತಮ್ಮಾ" ಎಂದು ಅಳುತ್ತ ನನ್ನ ಪಕ್ಕದಿಂದಲೇ ಒಳಗೆ ಓಡಿದಳು. "ಯಕ್ಕಾ, ಯಾರು ಹೋದ್ರು?" ಎಂದು ಕೇಳಿದೆ. ತಿರುಗಿ ನೋಡಿದವಳು ಹೊಸ್ತಿಲಲ್ಲೇ ಕುಸಿದಳು. ಮುಖಕ್ಕೆ ನೀರು ಚಿಮುಕಿಸಿ ಎಬ್ಬಿಸಿದ ಮೇಲೆ ತನ್ನ ಮೊಬೈಲ್ ತೆಗೆದು ಒಂದು ವಿಡಿಯೋ ತುಣುಕು ನನಗೆ ತೋರಿಸಿದಳು.

ಅದರೊಳಗೆ ನಾನಿದ್ದೆ. ಹಣೆಗೆ ವಿಭೂತಿ, ಕೊರಳಿಗೆ ಗಂಧದ ಹಾರ, ಮೇಲೊಂದು ಕೆಂಪು ಬಲ್ಬು. ನನ್ನ ಮುಂದೆ ನೀನು ನಿಂತು "ಈಗಾದ್ರೂ ಕೇಳು" ಅನ್ನುತ್ತಿ. ಅಷ್ಟಕ್ಕೆ ಕತ್ತಲಾಗಿ ನಿಮ್ಮ ಸಿನಿಮಾದ ಹೆಸರು ಬರುತ್ತದೆ. ಹೆಸರಿನ ಕೆಳಗೆ ಮುಖ್ಯ ಪಾತ್ರ ನೀನು, ಕಲಾ ನಿರ್ದೇಶನ ನೀನು, ವಸ್ತ್ರ ವಿನ್ಯಾಸವೂ ನೀನು. ಗೋಡೆ ಬಳಿದವಳು, ಬಟ್ಟೆ ಹೊಲಿದವಳು, ಅಪ್ಪನಿಗೆ ಹಾರ ಹಾಕಿ ಅತ್ತವಳು ಎಲ್ಲ ಒಬ್ಬಳೇ. ಬೇರೆಯವರಿಗೆ ಕೆಲಸ ಉಳಿಸಿಲ್ಲ.

ಮಧ್ಯಾಹ್ನದ ಹೊತ್ತಿಗೆ ಮಿಲ್ ಮಾಲೀಕರ ವಾಟ್ಸಾಪ್ ಗ್ರೂಪಿನಲ್ಲಿ ನನಗೆ ಭಾವಪೂರ್ಣ ಶ್ರದ್ಧಾಂಜಲಿ ಬಂತು. ನಾನೇ "ಧನ್ಯವಾದಗಳು" ಎಂದು ಬರೆದೆ. ಆಮೇಲೆ ಗ್ರೂಪು ತೆಪ್ಪಗಾಯಿತು. ಇವರ ಬಾಯಲ್ಲಿ ನನ್ನ ಬಗ್ಗೆ ಅಷ್ಟು ಒಳ್ಳೆಯ ಮಾತು ಹಿಂದೆಂದೂ ಕೇಳಿರಲಿಲ್ಲ.

ಫೋನ್ ಬಿಟ್ಟು ಕಾಗದ ಯಾಕೆ ಅನ್ನಬಹುದು. ನಿನ್ನ ನಂಬರ್ ನಾನು ಬಂದ್ ಮಾಡಿ ವರ್ಷಗಳಾದವು, ತೆರೆಯುವುದು ಕಷ್ಟವಲ್ಲ. ಆದರೆ ನಿನ್ನ ದನಿ ಕೇಳಿದರೆ ನಾನು ಕೂಗಾಡುತ್ತೇನೆ. ಕೂಗಾಡಬಾರದು ಎಂದು ಡಾಕ್ಟರ್ ಹೇಳಿದ್ದಾರೆ. ಎದೆಯ ರಕ್ತನಾಳಗಳು ಕಟ್ಟಿಕೊಂಡಿವೆಯಂತೆ, ಮುಂದಿನ ತಿಂಗಳು ರಾಯಚೂರಿನಲ್ಲಿ ಎದೆ ಬಿಚ್ಚಿ ಆಪರೇಷನ್ ಮಾಡುತ್ತಾರೆ. ಇದನ್ನು ನಿನಗೆ ತಿಳಿಸುವ ವಿಚಾರ ನಮಗಿರಲಿಲ್ಲ. ನೀನು ಡಾಕ್ಟರಿಗಿಂತ ಮುಂದೆ ಓಡಿದ್ದರಿಂದ ತಿಳಿಸುತ್ತಿದ್ದೇನೆ.

ನನಗೆ ಎರಡು ಉತ್ತರ ಬೇಕು. ಯಾಕೆ ಹಾಗೆ ಮಾಡಿದಿ? ಮತ್ತು "ಈಗಾದ್ರೂ ಕೇಳು" ಎಂದ ಮೇಲೆ ನನಗೆ ಏನು ಹೇಳಿದಿ? ನಮ್ಮ ಲಾರಿ ಡ್ರೈವರ್ ಶಾಮೀದಸಾಬ ಅಕ್ಕಿ ಲೋಡು ತೆಗೆದುಕೊಂಡು ರಾಯಚೂರಿಗೆ ಬರುತ್ತಾನೆ. ಅವನ ಕೈಯಲ್ಲಿ ಉತ್ತರ ಕಳಿಸು.

ವಿರೂಪಣ್ಣ


ರಾಯಚೂರು
7 ಫೆಬ್ರವರಿ 2025

ಅಪ್ಪಾ,

ಶಾಮೀದಸಾಬ ತೀನ್ ಕಂದೀಲ್ ಹತ್ತಿರ ಲಾರಿ ನಿಲ್ಲಿಸಿ, ನಮ್ಮ ಬಾಡಿಗೆ ಮನೆ ಹುಡುಕಿಕೊಂಡು ಬಂದು ನಿಮ್ಮ ಕಾಗದ ಕೊಟ್ಟ. ಶೂಟಿಂಗ್ ಮುಗಿದರೂ ಸಿನಿಮಾದ ಬಟ್ಟೆಬರೆ, ಸಾಮಾನು ಎಲ್ಲ ಇಲ್ಲೇ ಇದೆ, ನಾನೂ ಇಲ್ಲೇ ಇದ್ದೇನೆ. ನಿಮ್ಮ ಎದೆಯ ವಿಷಯ ಅಂಬರೀಶ ಕೂಡ ನನಗೆ ಹೇಳಿರಲಿಲ್ಲ. ಸ್ವಂತ ತಮ್ಮ, ಹಬ್ಬದ ಫೋಟೊ ಕಳಿಸುತ್ತಾನೆ, ಇದನ್ನು ಮುಚ್ಚಿಡುತ್ತಾನೆ. ಕಾಗದವನ್ನು ತಿರುಗಿಸಿ ಹಿಂದೆಯೂ ನೋಡಿದೆ. ಆಪರೇಷನ್ ಯಾವ ತಾರೀಖು ಎಂದು ನೀವು ಬರೆದಿಲ್ಲ.

ಯಾಕೆ ಎಂದು ಕೇಳಿದಿರಿ. ಅಪ್ಪ ತೀರಿಕೊಂಡ ಮೇಲೆ ಊರ ಮನೆಗೆ ವಾಪಸು ಬರುವ ಮಗಳ ಕಥೆ ನಮ್ಮದು. ಡಿಸೆಂಬರಿನಲ್ಲಿ ದೇವದುರ್ಗ ತಾಲೂಕಿನ ಹಳ್ಳಿ ಗೂಗಲ್‌ನಲ್ಲಿ, ಹೊಳೆದಂಡೆಯ ಒಂದು ಹಳೆ ಮನೆಯಲ್ಲಿ ಚಿತ್ರೀಕರಣ ನಡೆಯಿತು. ಆ ಮನೆಯ ಗೋಡೆಗೆ ಸುಣ್ಣ ಬಳಿದು, ಆಮೇಲೆ ಆ ಸುಣ್ಣವನ್ನೇ ಕೆರೆದು ಹಳತು ಮಾಡಿದವಳು ನಾನು. ಗೋಡೆಗೆ ತೀರಿಕೊಂಡ ಯಜಮಾನನ ಫೋಟೊ ಬೇಕಿತ್ತು. ಆ ಊರಿನ ಆದೆಪ್ಪ ತನ್ನ ಅಣ್ಣನ ಫೋಟೊ ಕೊಡಲು ಒಪ್ಪಿದ್ದ. ಶೂಟಿಂಗ್ ದಿನ ಅವನ ಹೆಂಡತಿ ಹುಲಗೆಮ್ಮ ಬಾಗಿಲಿಗೆ ಅಡ್ಡ ನಿಂತಳು. "ನಮ್ಮ ಭಾವನ ಮುಂದ ನಾವು ಅತ್ತು ಮುಗಿಸೀವಿ. ನೀವು ಬಂದು ರೊಕ್ಕಕ್ಕ ಅಳಬ್ಯಾಡ್ರಿ" ಅಂದಳು. ಆಕೆ ಹೇಳಿದ್ದು ಸರಿಯೇ ಇತ್ತು.

ನನ್ನ ಫೋನಿನಲ್ಲಿ ದೀಪಾವಳಿಗೆ ಅಂಬರೀಶ ಕಳಿಸಿದ ಫೋಟೊ ಇತ್ತು, ಮಿಲ್ಲಿನ ಪೂಜೆಯಲ್ಲಿ ನೀವು ಕೂತದ್ದು. ದೇವದುರ್ಗಕ್ಕೆ ಓಡಿ ಸ್ಟುಡಿಯೋದಲ್ಲಿ ದೊಡ್ಡದು ಮಾಡಿಸಿದೆ. ಸ್ಟುಡಿಯೋದವನು "ಯಾವಾಗ ತೀರಿಕೊಂಡ್ರು ರೀ?" ಎಂದು ಕೇಳಿದ. ಎಷ್ಟಾಯಿತು ಎಂದು ಕೇಳಿ ದುಡ್ಡು ಎಣಿಸಿಕೊಟ್ಟೆ. ಚಹಾ ಡಿಕಾಕ್ಷನ್ ಬಳಿದು ಅಂಚು ಹಳದಿ ಮಾಡಿದೆ, ವಿಭೂತಿ ಬರೆದೆ, ಹಾರ ಹಾಕಿದೆ. ಬಿಸಿಲು ಇಳಿಯುತ್ತಿತ್ತು, ಬೇರೆ ದಾರಿ ಇರಲಿಲ್ಲ.

ನಮ್ಮ ಕಸುಬಿನಲ್ಲಿ ಒಂದು ಪದ್ಧತಿ ಇದೆ. ಹೆಣವಾಗಿ ಮಲಗಿದ ನಟ ಏಳುವ ಮೊದಲು ಕ್ಯಾಮೆರಾ ನೋಡಿ ಒಮ್ಮೆ ನಗಬೇಕು. ನಕ್ಕರೆ ದೋಷ ಹೋಯಿತು ಎಂದು ಲೆಕ್ಕ. ಫೋಟೊ ನಗುವುದಿಲ್ಲವಲ್ಲ. ಅದು ನನಗೆ ಹೊಳೆದದ್ದು ಶಾಟ್ ಮುಗಿದ ಮೇಲೆ.

ಎರಡನೆಯದಕ್ಕೆ ಉತ್ತರ ಇಲ್ಲ. ಅದು ಪಾತ್ರದ ಮಾತು, ನನ್ನದಲ್ಲ.

ಇಷ್ಟು ಹೇಳಿ ಇನ್ನೊಂದನ್ನೂ ಹೇಳುತ್ತೇನೆ, ಸಿಟ್ಟಾಗಿ. ಸಿಂಧನೂರಿನ ಸಂಬಂಧ ಬೇಡವೆಂದು ಹೇಳಿ ನಾನು ಸಿನಿಮಾದ ಬಟ್ಟೆ ಹೊಲಿಯಲು ಹೊರಟ ದಿನ, ಅಂಗಳದಲ್ಲಿ ನಿಂತು ತಲೆ ಮೇಲೆ ಕೊಡ ನೀರು ಸುರಿದುಕೊಂಡವರು ನೀವು. "ಸತ್ತಳು ಅಂತ ತಿಳ್ಕೊಂಡೀನಿ" ಎಂದು ಓಣಿಗೆಲ್ಲ ಕೇಳುವ ಹಾಗೆ ಹೇಳಿದಿರಿ. ಆಗ ನನ್ನನ್ನು ನೋಡಲು ನೀರಮಾನ್ವಿಯಿಂದ ಯಾರೂ ಅಳುತ್ತ ಬರಲಿಲ್ಲ.

ತಾರೀಖು ತಿಳಿಸಿರಿ.

ಸ್ವಪ್ನಾ


ಮಾನ್ವಿ
12 ಫೆಬ್ರವರಿ 2025

ಸ್ವಪ್ನಾ,

ನಿನ್ನ ಕಾಗದ ನಿಮ್ಮಪ್ಪ ಓದಿ ಕಿಸೇದಾಗ ಇಟಗೊಂಡಾರ, ನನಗ ಕೊಟ್ಟಿಲ್ಲ. ಅವರು ಏನು ಬರದಾರ, ನೀ ಏನು ಬರದಿ, ನನಗ ಬ್ಯಾಡ. ನಾ ನಿಮ್ಮವ್ವ, ನಾ ಹೇಳೂದು ಬ್ಯಾರೆ ಅದ.

ಮುಂಜಾನಿ ಎದ್ದ ಕೂಡ್ಲೆ ಅವರ ಎದಿ ಏರಿಳಿತದೋ ಇಲ್ಲೋ ನೋಡ್ತೀನಿ. ಆಮ್ಯಾಲೆ ಕುಂಕುಮ ಹಚಗೊಳ್ಳಾಕ ಕನ್ನಡಿ ಮುಂದ ನಿಂದರ್ತೀನಿ. ಕನ್ನಡಿಯಾಗ ನನ್ನ ಮಾರಿ ಕಾಣಂಗಿಲ್ಲ, ಆ ಕೆಂಪು ಬಲ್ಬು ಕಾಣತದ. ನೀ ಬಣ್ಣ ಹಚ್ಚಿ ಗ್ವಾಡಿ ಹಳೇದು ಮಾಡ್ತಿ, ಸೀರಿ ಹಳೇದು ಮಾಡ್ತಿ, ಮಾಡು. ಬದುಕಿದ ಮನಷ್ಯಾನ್ನ ಯಾಕ ಮಾಡಿದಿ?

ಆ ಹಾರ, ಆ ಫೋಟೊ ನನ್ನ ಕೈಗೆ ಮುಟ್ಟಸು. ಸಿನಿಮಾದಾಗಿಂದ ಅದನ್ನ ತೆಗಸು. ತೆಗಸೂ ತನಕ ನೀ ಈ ಮನಿಗೆ ಬರಬ್ಯಾಡ. ಆಪರೇಷನ್‌ದಾಗ ಅವರಿಗೇನರ ಆತಂದ್ರ ಮಾನ್ವಿ ಮಂದಿ ಮಗಳೇ ಕೊಂದಳು ಅಂತಾರ. ನಾನೂ ಅಂತೀನಿ. ಈಗ ಹೇಳಿಬಿಡ್ತೀನಿ, ಆಮ್ಯಾಲೆ ನಮ್ಮವ್ವ ಹಿಂಗಂದಳು ಅಂತ ಅಳಬ್ಯಾಡ.

ಹೊತ್ತಿಗೆ ಸರಿಯಾಗಿ ಉಣ್ಣು. ಮೊಬೈಲಿನಾಗ ಭಾಳ ಸೊರಗಿ ಕಂಡಿ.

ಬಸವಂತಮ್ಮ


ರಾಯಚೂರು
15 ಫೆಬ್ರವರಿ 2025

ಅವ್ವಾ,

ಫೋಟೊ ಕಳಿಸುತ್ತಿದ್ದೇನೆ. ಕಾಸ್ಟ್ಯೂಮಿನ ಟ್ರಂಕಿನಲ್ಲಿ ರೇಷ್ಮೆ ಸೀರೆಯಲ್ಲಿ ಸುತ್ತಿ ಇಟ್ಟಿದ್ದೆ, ಸೀರೆ ಸಮೇತ ಕೊಟ್ಟಿದ್ದೇನೆ. ಹಾರ ನನ್ನ ಹತ್ತಿರ ಇಲ್ಲ. ಶಾಟ್ ಮುಗಿದ ಕೂಡಲೇ ಮನಸ್ಸಿಗೆ ಕಸಿವಿಸಿಯಾಗಿ, ಮೇಕಪ್ಪನ್ನೂ ತೆಗೆಯದೆ ಹೊಳೆಗೆ ಇಳಿದು ಹಾರವನ್ನು ಕೃಷ್ಣೆಗೆ ಬಿಟ್ಟೆ. ದೂರದಿಂದಲೇ ಗೂಗಲ್ಲಿನ ಅಲ್ಲಮಪ್ರಭು ಗುಡಿಯ ಕಡೆ ಕೈ ಮುಗಿದು, ಅಪ್ಪನಿಗೆ ಏನೂ ಆಗದಿರಲಿ ಎಂದು ಕೇಳಿಕೊಂಡೆ. ಅದರ ಬಗ್ಗೆ ನಿನಗೆ ಅನುಮಾನ ಬೇಡ.

ಸಿನಿಮಾದಿಂದ ತೆಗೆಸುವುದು ಮಾತ್ರ ನೀನು ತಿಳಿದಷ್ಟು ಸುಲಭವಲ್ಲ. ಆ ದೃಶ್ಯ ತುಂಡು ತುಂಡಾಗಿ ತೆಗೆದದ್ದಲ್ಲ. ನಾನು ಬಾಗಿಲಿನಿಂದ ಬಂದು, ಫೋಟೊ ಮುಂದೆ ನಿಂತು, ಮಾತು ಮುಗಿಸುವವರೆಗೆ ಕ್ಯಾಮೆರಾ ಎಲ್ಲೂ ನಿಂತಿಲ್ಲ. ಫೋಟೊ ತೆಗೆದರೆ ಇಡೀ ದೃಶ್ಯವೇ ಹೋಗುತ್ತದೆ. ಆ ಮನೆ ಈಗ ಇಲ್ಲ, ಅದರ ಮಾಲೀಕರು ಕೆಡವಿದರು. ಇನ್ನೊಮ್ಮೆ ತೆಗೆಯಲು ಬರುವುದಿಲ್ಲ.

ಇಷ್ಟು ವರ್ಷ ಬೇರೆಯವರ ಸೀರೆಯ ನೆರಿಗೆ ಸರಿಮಾಡಿದ್ದೇನೆ ಅವ್ವಾ. ನಡುವೆ ಸಣ್ಣ ಪಾತ್ರ, ಬಾಗಿಲು ತೆರೆಯುವವಳು, ನೀರು ಕೊಡುವವಳು. ಮುಖ್ಯ ಪಾತ್ರ ಇದೇ ಮೊದಲು. ಇದರಲ್ಲಿ ನಾನು ನಟಿ ಅನ್ನಿಸಿಕೊಳ್ಳುವುದು ಆ ಒಂದು ದೃಶ್ಯದಲ್ಲಿ.

ನಿರ್ದೇಶಕ ಜಗದೀಶ ಒಂದು ಮಾತು ಹೇಳಿದ್ದಾರೆ. ಅಪ್ಪನ ಫೋಟೊ ಅಪ್ಪನನ್ನು ಕೇಳದೆ ಬಳಸಿದ್ದು ತಪ್ಪು ಎಂದು ವಕೀಲರು ಅವರಿಗೆ ಹೇಳಿದ್ದಾರಂತೆ. ಅಪ್ಪ ಒಪ್ಪಿಗೆ ಬರೆದು ಕೊಟ್ಟರೆ ದೃಶ್ಯ ಉಳಿಯುತ್ತದೆ, ಇಲ್ಲದಿದ್ದರೆ ಮಾರ್ಚ್ ಕೊನೆಗೆ ಅದನ್ನು ಕತ್ತರಿಸುತ್ತಾರೆ. ಇನ್ನು ಎಲ್ಲ ಅಪ್ಪನ ಕೈಯಲ್ಲಿದೆ.

ಸ್ವಪ್ನಾ


ಮಾನ್ವಿ
18 ಫೆಬ್ರವರಿ 2025

ಹೊಳಿಗೆ ಬಿಟ್ಟಿ?

ಸತ್ತವರದು ಹೊಳಿಗೆ ಬಿಡ್ತಾರ ಸ್ವಪ್ನಾ. ಬದುಕಿದವರದು ಅವರ ಕೈಲೇ ಕಿತ್ತಿಸಿ ಒಲಿಗೆ ಹಾಕಸಬೇಕು. ಸಿನಿಮಾದ ಮಂದಿಗೆ ಗೊತ್ತಿಲ್ಲಂದ್ರ ನಿನಗೂ ಗೊತ್ತಿಲ್ಲೇನು? ನೀ ದೋಷ ಕಳಿಯಾಕ ಹೋಗಿ ನಿಮ್ಮಪ್ಪನ ಕ್ರಿಯಾ ಮುಗಿಸಿ ಬಂದಿ. ಕೈ ಮುಗಿದು ಬ್ಯಾರೆ ಬಂದಿ.

ನಾ ಇನ್ನ ನಿನಗ ಬರಿಯಂಗಿಲ್ಲ.

ಬಸವಂತಮ್ಮ


ಮಾನ್ವಿ
24 ಫೆಬ್ರವರಿ 2025

ಸ್ವಪ್ನಾಳಿಗೆ,

ನನ್ನ ಫೋಟೊ ಮುಟ್ಟಿತು. ಶಾಮೀದಸಾಬ ಅದನ್ನು ಲಾರಿಯ ಪಕ್ಕದ ಸೀಟಿನಲ್ಲಿ ಕೂಡಿಸಿಕೊಂಡು ಬಂದಿದ್ದಾನೆ. ಕಲ್ಮಲದಲ್ಲಿ ಚಹಾ ಕುಡಿಯಲು ನಿಲ್ಲಿಸಿದಾಗ ಹೋಟೆಲಿನವರು ಯಾರಿದು ಎಂದು ಕೇಳಿದ್ದಕ್ಕೆ "ನಮ್ಮ ಮಾಲೀಕ್ರು, ಬೇಕಾದ್ರ ಅವರಿಗೂ ಒಂದು ಚಾ ಕೊಡ್ರಿ" ಅಂದನಂತೆ. ನಿನ್ನ ತಾಯಿ ಅದನ್ನು ಒಳಗೆ ತರಲು ಬಿಡಲಿಲ್ಲ. ಈಗ ಅದು ಮಿಲ್ಲಿನಲ್ಲಿ, ನನ್ನ ಮೇಜಿನ ಮೇಲೆ ಇದೆ. ಬಂದವರು ಒಮ್ಮೆ ಅದನ್ನು ನೋಡಿ, ಒಮ್ಮೆ ನನ್ನನ್ನು ನೋಡಿ, ಅಕ್ಕಿಯ ಭಾವ ಕೇಳುವುದನ್ನೇ ಮರೆಯುತ್ತಾರೆ.

ಕೆಲಸ ಚೆನ್ನಾಗಿ ಮಾಡಿದ್ದಿ. ವಿಭೂತಿ ನಾನು ಹಚ್ಚುವ ಹಾಗೆಯೇ ಇದೆ, ಎಡಗಡೆ ಸ್ವಲ್ಪ ಗಿಡ್ಡ. ಅದನ್ನು ನೀನು ಯಾವಾಗ ನೋಡಿದ್ದಿಯೋ ಗೊತ್ತಿಲ್ಲ.

ನೀರಿನ ವಿಷಯಕ್ಕೆ ಬರುತ್ತೇನೆ. ಸುರಿದುಕೊಂಡದ್ದು ನಿಜ. ಸಿಟ್ಟು ಬಂದಿತ್ತು, ಈಗ ನೆನೆಸಿಕೊಂಡರೂ ಬರುತ್ತದೆ. ನೀನು ಹಿಂದೆ ತಿರುಗಿ ನೋಡಲಿಲ್ಲ, ಬಸ್ ಸ್ಟ್ಯಾಂಡಿಗೆ ನಡೆದೇ ಹೋದಿ. ಆದರೆ ನಾನು ನಿನ್ನ ಫೋಟೊಗೆ ಹಾರ ಹಾಕಿಲ್ಲ. ನಿನ್ನ ಕಾಲೇಜಿನ ಫೋಟೊ ಇನ್ನೂ ಮೊದಲಿದ್ದಲ್ಲೇ ಇದೆ, ಬೇಕಾದರೆ ಅಂಬರೀಶನನ್ನು ಕೇಳು.

ನಿಮ್ಮ ಜಗದೀಶ ಒಬ್ಬ ಮನುಷ್ಯನನ್ನು ಕಳಿಸಿದ್ದ. ಇಂಗ್ಲಿಷಿನಲ್ಲಿ ಒಪ್ಪಿಗೆ ಪತ್ರ, ಕೆಳಗೆ ನನ್ನ ಸಹಿಗೆ ಜಾಗ. ಚೀಲದ ಬಾಯಿ ಬಿಚ್ಚಿ ಭತ್ತ ಕೈಗೆ ತೆಗೆದು ನೋಡದೆ ನಾನು ಯಾವ ಲೋಡನ್ನೂ ಇಳಿಸಿಕೊಂಡವನಲ್ಲ, ಇಳಿ ವಯಸ್ಸಿನಲ್ಲಿ ಅದನ್ನು ಶುರು ಮಾಡುವುದಿಲ್ಲ ಎಂದು ಹೇಳಿ ಕಳಿಸಿದೆ.

ಪಾತ್ರದ ಮಾತು ಅಂದಿ. ಪಾತ್ರದ ಮಾತಾದರೆ ಹೇಳಲು ಹೆದರಿಕೆ ಯಾಕೆ? ಬರೆ.

ವಿರೂಪಣ್ಣ


ರಾಯಚೂರು
1 ಮಾರ್ಚ್ 2025

ಅಪ್ಪಾ,

ಅಂಬರೀಶ ಫೋನ್ ಮಾಡಿದ್ದ. ನಿಮ್ಮ ಆಪರೇಷನ್ ಹತ್ತನೇ ತಾರೀಖು ಇತ್ತಂತೆ, ನೀವೇ ಅದನ್ನು ಮುಂದಕ್ಕೆ ಹಾಕಿಸಿದಿರಂತೆ. ತಡಮಾಡಬಾರದು ಎಂದು ಡಾಕ್ಟರ್ ಬೈದರಂತೆ. ಮೆಟ್ಟಿಲು ಹತ್ತಿದರೆ ನಿಮಗೆ ಉಸಿರು ಸಿಗುತ್ತಿಲ್ಲವಂತೆ. ಏನು ನಡೆಸಿದ್ದೀರಿ?

ನಾನು ಸೋತೆ. ಜಗದೀಶರಿಗೆ ಹೇಳಿದ್ದೇನೆ, ದೃಶ್ಯ ತೆಗೆಯಲಿ. ಅವರು ಬೇಡವೆಂದರು, ಎಡಿಟರ್ ತಲೆ ಮೇಲೆ ಕೈ ಹೊತ್ತು ಕೂತ. ಆದರೂ ತೆಗೆಯುತ್ತಾರೆ. ಆಗ ಮಗಳು ಬಾಗಿಲಲ್ಲಿ ನಿಲ್ಲುವುದರೊಂದಿಗೆ ಸಿನಿಮಾ ಮುಗಿಯುತ್ತದೆ. ಮತ್ತೆ ನಾನು ಬಾಗಿಲು ತೆರೆಯುವವಳೇ ಆದೆ, ಹೋಗಲಿ.

ನೀವು ಆಸ್ಪತ್ರೆಗೆ ಹೋಗಿರಿ. ಹಾರ ಇಲ್ಲ, ಫೋಟೊ ಇಲ್ಲ, ಮಾತೂ ಇಲ್ಲ. ಇನ್ನೇನೂ ಉಳಿದಿಲ್ಲ. ಅವ್ವನಿಗೂ ಹೇಳಿರಿ. ನಿಮ್ಮ ಕಾಲಿಗೆ ಬೀಳುತ್ತೇನೆ, ತಾರೀಖು ಮುಂದಕ್ಕೆ ಹಾಕಬೇಡಿರಿ.

ಸ್ವಪ್ನಾ


ಮಾನ್ವಿ
4 ಮಾರ್ಚ್ 2025

ತೆಗೆಯಬೇಡ. ತೆಗೆದರೆ ಆ ಮಾತು ನನಗೆ ಎಂದೂ ಸಿಗುವುದಿಲ್ಲ. ಏನು ಹೇಳಿದ್ದಿ ಎಂದು ತಿಳಿಯದೆ ನಾನು ಆ ಟೇಬಲ್ ಮೇಲೆ ಮಲಗುವುದಿಲ್ಲ. ಹಟ ಅನ್ನು, ಏನಾದರೂ ಅನ್ನು.

ಶಾಮೀದಸಾಬನಿಗೆ ಕಾದು ಕೂತು ತೆಗೆದುಕೊಂಡೇ ಬಾ ಎಂದಿದ್ದೇನೆ.

ವಿರೂಪಣ್ಣ


ರಾಯಚೂರು
5 ಮಾರ್ಚ್ 2025

ಅಪ್ಪಾ,

ಶಾಮೀದಸಾಬ ಹೊರಗೆ ಕಟ್ಟೆ ಮೇಲೆ ಕೂತಿದ್ದಾನೆ. ಎರಡು ಸಲ ಒಳಗೆ ಇಣುಕಿ "ಆತೇನಬೇ?" ಎಂದು ಕೇಳಿದ. ನಾನು ಬರೆದು ಹರಿದು ಬರೆಯುತ್ತಿದ್ದೇನೆ.

ಮೊದಲು ಒಂದು ನಿಜ. ಬೇರೆ ದಾರಿ ಇರಲಿಲ್ಲ ಎಂದು ಬರೆದಿದ್ದೆನಲ್ಲ, ಇತ್ತು. ನಮ್ಮ ತಂಡದಲ್ಲೇ ವಯಸ್ಸಾದ ಲೈಟ್‌ಮನ್ ಒಬ್ಬರು "ನಂದೇ ಫೋಟೊ ಹೊಡೀರಿ, ನಾನೇ ಆಮೇಲೆ ನಗ್ತೀನಿ" ಅಂದರು. ಕಲಾ ನಿರ್ದೇಶಕಿಗೆ ಅದು ಸಾಕಾಗಿತ್ತು. ನಟಿಗೆ ಸಾಕಾಗಲಿಲ್ಲ. ಅವರ ಮುಖದ ಮುಂದೆ ರಿಹರ್ಸಲ್ ಮಾಡಿ ನೋಡಿದೆ, ಬಾಯಿಂದ ಬರೀ ಸ್ಕ್ರಿಪ್ಟು ಬಂತು. "ಅಪ್ಪಾ, ನೀವು ನನ್ನನ್ನು ಯಾಕೆ ಅರ್ಥ ಮಾಡಿಕೊಳ್ಳಲಿಲ್ಲ" ಎಂದಿತ್ತು ಅದರಲ್ಲಿ. ಇಂಥ ಮಾತು ಮಾನ್ವಿಯಲ್ಲಿ ಯಾವ ಮಗಳು ಆಡುತ್ತಾಳೆ? ಆಗ ದೇವದುರ್ಗಕ್ಕೆ ಹೋದೆ. ನಿಮ್ಮ ಫೋಟೊ ಗೋಡೆಗೆ ಹಾಕಿ, ಬಾಗಿಲಿಂದ ಬಂದು ನಿಂತ ಮೇಲೆ ಸ್ಕ್ರಿಪ್ಟು ಮರೆತೇಹೋಯಿತು. ಹೇಳಿದ್ದೆಲ್ಲ ನನ್ನದೇ. ಪಾತ್ರದ್ದಲ್ಲ.

ಹೇಳಿದ್ದು ಇದು:

"ಈಗಾದ್ರೂ ಕೇಳು. ನೀ ಇದ್ದಾಗ ನಿನ್ನ ಮುಂದ ನಿಂತ್ರ ನನ್ನ ಕಾಲು ನಡಗತಿದ್ವು. ಈಗ ನೋಡು, ನಡಗವಲ್ಲವು. ನನಗ ಏನರ ಹೇಳೂದಿದ್ರ ನೀ ಅವ್ವನ ಕಡೆ ಮಾರಿ ಮಾಡಿ 'ಆಕಿಗಿ ಹೇಳು' ಅಂತಿದ್ದಿ. ನಾ ಅಲ್ಲೇ ಎದುರಿಗೆ ನಿಂತಿರತಿದ್ನಿ. ಪಾಸಾದಾಗ 'ಆಕಿಗಿ ಹೇಳು, ಚಲೋ ಆತು'. ಜ್ವರ ಬಂದಾಗ 'ಆಕಿಗಿ ಹೇಳು, ಗುಳಿಗಿ ತೊಗೊ ಅಂತ'. ಮನಿ ಬಿಟ್ಟು ಹೋಗು ಅನ್ನೂದನ್ನೂ ಅವ್ವನ ಕೈಲೇ ಹೇಳಿಸಿದಿ. ಒಂದ್ಸಲ, ಒಂದೇ ಸಲ ನನ್ನ ಮಾರಿ ನೋಡಿ ಮಾತಾಡಿದ್ರ ನಾ ಹೋಗತಿದ್ದಿಲ್ಲ. ನೀ ಸತ್ತದ್ದು ಚಲೋ ಆತು. ಈಗರ ನನ್ನ ಕಡೆನೇ ನೋಡಾಕತ್ತಿ."

ಇಷ್ಟೇ. ನೀವು ಕೇಳಿದಿರಿ, ಬರೆದೆ. "ಸತ್ತದ್ದು ಚಲೋ ಆತು" ಅನ್ನುವುದನ್ನು ಬಿಟ್ಟು ಬರೆಯೋಣ ಅನ್ನಿಸಿತು. ಬಿಟ್ಟರೆ ನೀವು ಹಿಡಿಯುತ್ತೀರಿ ಎಂದು ಬಿಡಲಿಲ್ಲ.

ಇದನ್ನು ಕಳಿಸಿದ ಮೇಲೆ ನಿಮಗೆ ಏನಾದರೂ ಆದರೆ, ಅವ್ವ ಅನ್ನುವ ಮೊದಲೇ ನಾನು ಅನ್ನುತ್ತೇನೆ, ನಾನೇ ಕೊಂದೆ ಎಂದು. ಆಸ್ಪತ್ರೆಗೆ ಹೋಗಿರಿ.

ಸ್ವಪ್ನಾ


ಮಾನ್ವಿ
11 ಮಾರ್ಚ್ 2025

ಸ್ವಪ್ನಾ,

ಬರಿಯಂಗಿಲ್ಲ ಅಂದಿದ್ನಿ, ಬರಿಯಾಕತ್ತೀನಿ. ಏನು ಬರದಿ ಅವರಿಗೆ? ಕಾಗದ ಬಂದಾಗಿಂದ ಅವರು ಅವರಾಗಿಲ್ಲ. ಮಿಲ್ಲಿಗೆ ಹೋಗಿ ಆ ಫೋಟೊದ ಎದುರಿಗೆ ಕುಂಡ್ರತಾರಂತ. ಹಮಾಲರ ಮ್ಯಾಲೆ ಕೂಗಿಲ್ಲ, ಅಂಬರೀಶನ್ನ ಬೈದಿಲ್ಲ. ಊಟಕ್ಕ ಕರದ್ರ ಹೂಂ ಅಂತಾರ, ಏಳಂಗಿಲ್ಲ. ನನಗ ಅವರು ಬೈದ್ರ ಅಂಜಿಕಿ ಇಲ್ಲ, ಸುಮ್ಮಕ ಕುಂತ್ರ ಅಂಜಿಕಿ ಆಗತದ.

ಆಸ್ಪತ್ರಿಯವರು ಇಪ್ಪತ್ತೊಂದಕ್ಕ ತಾರೀಖು ಕೊಟ್ಟಾರ. ಬರ್ತೀರೋ ಇಲ್ಲೋ ಅಂತ ಕೇಳಾಕತ್ತಾರ. ಇವರು ಹೋಗ್ತೀನಿ ಅಂದಿಲ್ಲ, ಒಲ್ಲೆ ಅಂದಿಲ್ಲ.

ಇವತ್ತ ಮುಂಜಾನಿ ನನ್ನ ಕರದು "ಆಕಿಗಿ ಹೇಳು" ಅಂದ್ರು. ಏನು ಹೇಳ್ಲಿ ಅಂದೆ. ಬಾಯಿ ತೆರದು ಹಂಗೇ ನಿಂತ್ರು. ಆಮ್ಯಾಲೆ "ಬ್ಯಾಡ, ನೀ ಏನೂ ಹೇಳಬ್ಯಾಡ" ಅಂದು, ಹೊಳ್ಳಿ ಕುಂತು ಈ ಚೀಟಿ ತಾವೇ ಬರದು ನನ್ನ ಕೈಗೆ ಕೊಟ್ಟಾರ. ಇದರ ಜೋಡಿ ಇಟ್ಟೀನಿ, ನಾ ಓದಿಲ್ಲ.

ಬಸವಂತಮ್ಮ

*ಸೋಮವಾರ ಮಿಲ್ಲಿಗೆ ಬಾ. ಫೋಟೊಗೆ ಹೇಳಿದ್ದನ್ನು ನನಗೆ ಹೇಳು. ಅಕ್ಷರ ಬಿಡದೆ ಹೇಳು. ನೀವು ಗೀವು ಬೇಡ, ಫೋಟೊಗೆ ಅಂದ ಹಾಗೆ ನೀ ಅನ್ನು. ಆಮೇಲೆ ನಾನು ಆಸ್ಪತ್ರೆಗೆ ಬರುತ್ತೇನೆ. — ವಿರೂಪಣ್ಣ*


ರಾಯಚೂರು, ಆಸ್ಪತ್ರೆ
20 ಮಾರ್ಚ್ 2025

ಚಿತ್ರ ನಿರ್ದೇಶಕರಾದ ಶ್ರೀ ಜಗದೀಶ ಅವರಿಗೆ,

ಮಾನ್ವಿಯ ಅಕ್ಕಿ ಮಿಲ್ಲಿನ ವಿರೂಪಣ್ಣ ಬರೆಯುವುದು. ನಿಮ್ಮ ಸಿನಿಮಾದಲ್ಲಿ ಗೋಡೆ ಮೇಲಿರುವವನು ನಾನೇ. ನೀವು ಕಳಿಸಿದ ಇಂಗ್ಲಿಷ್ ಕಾಗದಕ್ಕೆ ನಾನು ಸಹಿ ಮಾಡಿಲ್ಲ, ಓದಲು ಬಾರದ್ದಕ್ಕೆ ಸಹಿ ಮಾಡುವುದಿಲ್ಲ. ಅದರ ಬದಲು ಇದನ್ನು ಇಟ್ಟುಕೊಳ್ಳಿರಿ, ನಿಮ್ಮ ವಕೀಲರಿಗೂ ತೋರಿಸಿರಿ.

ಸೋಮವಾರ ನನ್ನ ಮಗಳು ಮಿಲ್ಲಿಗೆ ಬಂದಳು. ಹಮಾಲರು ಇದ್ದರು, ನನ್ನ ಮಗ ಅಂಬರೀಶ ಇದ್ದ, ಯಾರನ್ನೂ ಹೊರಗೆ ಕಳಿಸಲಿಲ್ಲ. ಫೋಟೊವನ್ನು ಮೇಜಿನ ಮೇಲಿಂದ ತೆಗೆದು ಗೋಡೆಗೆ ತಿರುಗಿಸಿ ಇಟ್ಟೆ. ಹೇಳು ಅಂದೆ. ಆಕೆ ಹೇಳಿದಳು. "ಕಾಲು ನಡಗವಲ್ಲವು" ಅನ್ನುವಾಗ ಆಕೆಯ ಕಾಲು ನಡುಗುತ್ತಿದ್ದವು, ಸೀರೆಯ ಅಂಚು ಅಲ್ಲಾಡುವುದು ನನಗೆ ಕಾಣುತ್ತಿತ್ತು. ಮೇಜಿನ ತುದಿ ಹಿಡಿದುಕೊಂಡಳೇ ಹೊರತು ನಿಲ್ಲಿಸಲಿಲ್ಲ. ಕೊನೆಗೆ "ಸತ್ತದ್ದು ಚಲೋ ಆತು" ಅನ್ನುವಲ್ಲಿ ದನಿ ಇಳಿಯಿತು. ಕೇಳಿಸಲಿಲ್ಲ, ಇನ್ನೊಮ್ಮೆ ಹೇಳು ಅಂದೆ. ಇನ್ನೊಮ್ಮೆ ಹೇಳಿದಳು, ಗಟ್ಟಿಯಾಗಿ. ಹಮಾಲರು ಚೀಲ ಹೊತ್ತವರು ಹೊತ್ತಲ್ಲೇ ನಿಂತುಬಿಟ್ಟರು.

ಆಗ ನಾನು ಮಗ್ಗುಲಿಗೆ ತಿರುಗಿದೆ. "ಆಕಿಗಿ ಕುಂಡ್ರು ಅಂತ ಹೇಳು" ಅನ್ನಲು ಬಾಯಿ ತೆರೆದಿದ್ದೆ. ಮಗ್ಗುಲಲ್ಲಿ ನನ್ನ ಹೆಂಡತಿ ಇರಲಿಲ್ಲ, ಆಕೆ ಮನೆಯಲ್ಲಿದ್ದಳು. ಇಷ್ಟು ವರ್ಷದ ರೂಢಿ ನೋಡಿರಿ. ಮತ್ತೆ ಈ ಕಡೆ ತಿರುಗಿ, ಆಕೆಯ ಮುಖ ನೋಡಿ, "ಕುಂಡ್ರು" ಅಂದೆ. ಆ ಒಂದು ಮಾತಿಗೆ ನನಗೆ ಬಂದ ಕಷ್ಟ ಇಲ್ಲಿಯ ಡಾಕ್ಟರಿಗೆ ಹೇಳಿದರೆ ತಿಳಿಯಲಿಕ್ಕಿಲ್ಲ. ಆಕೆ ಕೂತಳು. ಇಬ್ಬರೂ ಚಹಾ ಕುಡಿದೆವು.

ನಿಮ್ಮ ಸಿನಿಮಾದಲ್ಲಿ ಆಕೆಯ ಕಾಲು ನಡುಗುವುದಿಲ್ಲವಂತೆ. ಫೋಟೊದ ಮುಂದೆ ನಡುಗದೆ ನಿಲ್ಲುವುದು ದೊಡ್ಡದಲ್ಲ. ದೊಡ್ಡದನ್ನು ನಾನು ನೋಡಿದ್ದೇನೆ, ನೀವು ನೋಡಿಲ್ಲ. ಆದರೂ ನಿಮ್ಮದು ಇರಲಿ.

ಈಗ ಮುಖ್ಯ ವಿಷಯ. ನಾಳೆ ಬೆಳಿಗ್ಗೆ ನನ್ನ ಎದೆ ಬಿಚ್ಚುತ್ತಾರೆ. ನಾನು ಏಳದೆ ಹೋದರೆ ಮಾನ್ವಿಯ ಜನ ಹಾರದ ಮಾತು ಎತ್ತುತ್ತಾರೆ. ಮಗಳೇ ಕೊಂದಳು ಅನ್ನುತ್ತಾರೆ. ನನ್ನ ಹೆಂಡತಿಯೂ ಅನ್ನುತ್ತಾಳೆ, ಆಕೆಗೆ ಸಂಕಟ. ಎಲ್ಲರಿಗಿಂತ ಜೋರಾಗಿ ಮಗಳೇ ಅಂದುಕೊಳ್ಳುತ್ತಾಳೆ, ನನಗೆ ಕಾಗದದಲ್ಲಿ ಹಾಗೆಂದು ಬರೆದೂ ಇದ್ದಾಳೆ. ಆದ್ದರಿಂದ ನಾನು ಎಚ್ಚರವಿದ್ದು, ಯಾರ ಒತ್ತಾಯವೂ ಇಲ್ಲದೆ, ಸ್ವಂತ ಕೈಯಿಂದ ಬರೆದು ಕೊಡುತ್ತಿದ್ದೇನೆ. ನನ್ನ ಎದೆ ಕೆಟ್ಟದ್ದು ತುಪ್ಪದಿಂದ ಮತ್ತು ಸಿಟ್ಟಿನಿಂದ, ನಿಮ್ಮ ಸಿನಿಮಾಕ್ಕಿಂತ ಬಹಳ ಮೊದಲು. ನನ್ನ ಮಗಳು ಸ್ವಪ್ನಾ ನನಗೆ ಯಾವ ಕೇಡೂ ಮಾಡಿಲ್ಲ. ಫೋಟೊ ನಿಮ್ಮ ಸಿನಿಮಾದಲ್ಲಿ ಇರಲಿ. ಹಾರವೂ ಇರಲಿ. ಆಕೆ ಆಡಿದ ಮಾತು ಒಂದಕ್ಷರ ಕತ್ತರಿಸದೆ ಇರಲಿ. ಬೇರೆ ಯಾರಾದರೂ ಬಾಯಿ ತೆರೆದರೆ ಇದನ್ನು ಓದಿ ಹೇಳಿರಿ. ಎಲ್ಲರಿಗಿಂತ ಮೊದಲು ಬಸವಂತಮ್ಮನ ಮುಂದೆ ಓದಿರಿ.

ಮಗಳು ಈಗ ಹೊರಗೆ ಬೆಂಚಿನ ಮೇಲೆ ತಾಯಿಯ ಪಕ್ಕದಲ್ಲಿ ಕೂತಿದ್ದಾಳೆ. ಇಬ್ಬರೂ ಮಾತು ಬಿಟ್ಟಿದ್ದಾರೆ, ಆದರೆ ಒಂದೇ ಡಬ್ಬಿಯಿಂದ ಊಟ ಮಾಡುತ್ತಿದ್ದಾರೆ. ನಾನು ಈ ಕಾಗದ ಬರೆದದ್ದು ಇಬ್ಬರಿಗೂ ಗೊತ್ತಿಲ್ಲ. ಶಾಮೀದಸಾಬ ನಿಮ್ಮ ಕೈಗೇ ತಂದು ಕೊಡುತ್ತಾನೆ.

ಸ್ವಪ್ನಾಳಿಗೆ ನೀವು ಏನೂ ಹೇಳಬೇಡಿರಿ. ಎದ್ದರೆ ನಾನೇ ಹೇಳುತ್ತೇನೆ.

ಸಹಿ
ವಿರೂಪಣ್ಣ